ಗಲ್ಲಿಯಲ್ಲಿ ಸಿಕ್ಕಿಕೊಂಡ ಗಾದಿ

ಮಾಸೂಮಾಗೆ ನಗು ಬಂದರೆ ಅದನ್ನು ತಡೆಯುವುದು ಯಾರಿಂದಲೂ ಆಗುತ್ತಿರಲಿಲ್ಲ. ಹೆದರಿಕೆಯಾದರೂ ನಗುತ್ತಿದ್ದಳು, ಸಿಟ್ಟು ಬಂದರೂ ನಗುತ್ತಿದ್ದಳು. ನಿಕಾಹದ ದಿನ ಖಾಜಿಯವರು ಒಪ್ಪಿಗೆ ಕೇಳಿದಾಗ ಪರದೆಯ ಹಿಂದೆ ಅವಳ ಹೆಗಲು ಕುಲುಕುತ್ತಿದ್ದುದನ್ನು ಕಂಡು, ಪಾಪ ತವರು ಬಿಟ್ಟು ಹೋಗುವ ದುಃಖ ಎಂದು ಹಿರಿಯ ಹೆಂಗಸರು ಬೆನ್ನು ಸವರಿದ್ದರಂತೆ. ಅದಾಗಿ ಇಪ್ಪತ್ತೈದು ವರ್ಷವಾದರೂ ಆ ಚಾಳಿ ಹೋಗಿರಲಿಲ್ಲ.

೧೯೬೬ರ ಬೇಸಿಗೆಯ ಒಂದು ಬೆಳಿಗ್ಗೆ ಅವಳ ಗಂಡ ಬುಡನ್ ಸಾಬ್ ಗಲ್ಲಿಯ ಬಾಯಲ್ಲಿ ನಿಂತು, "ಮಾಸೂಮಾ, ಸ್ವಲ್ಪ ಬಾ ಇಲ್ಲಿ. ನಾನು ಸಿಕ್ಕೊಂಡೀನಿ," ಎಂದು ಕೂಗಿದಾಗ ಅವಳು ಹೊರಗೆ ಬಂದು ನೋಡಿದಳು. ಮೊದಲು ನಕ್ಕಳು. ಆಮೇಲೆ ಓಡಿದಳು.

ಬುಡನ್ ಸಾಬ್ ಹತ್ತಿ ಹಿಂಜಿ ಗಾದಿ ಹೊಲಿಯುವವನು. ಹರಿಹರದಲ್ಲಿ ಅವನ ಗಾದಿ ಇಲ್ಲದೆ ಮದುವೆ ಆಗುವುದು ಅಪರೂಪವಾಗಿತ್ತು. ಅವತ್ತು ರಾಣೆಬೆನ್ನೂರಿನ ಒಂದು ಮದುವೆ ಮನೆಗೆ ಇಬ್ಬರು ಮಲಗುವ ಜೋಡಿ ಗಾದಿ ಕಳಿಸಬೇಕಿತ್ತು. ಸುತ್ತಿ ಹುರಿ ಬಿಗಿದ ಆ ಹೊಸ ಗಾದಿಯನ್ನು ತಲೆಯ ಮೇಲೆ ಹೊತ್ತು ಹೊರಟವನು, ಗಲ್ಲಿಯ ಬಾಯಲ್ಲಿ ಹಿಂದಕ್ಕೂ ಹೋಗಲಾರದೆ ಮುಂದಕ್ಕೂ ಹೋಗಲಾರದೆ ನಿಂತುಬಿಟ್ಟಿದ್ದ. ಗಾದಿ ಒಂದು ಕಡೆ ಗೋಡೆಗೆ, ಇನ್ನೊಂದು ಕಡೆ ಹೊಸದಾಗಿ ಎದ್ದಿದ್ದ ಕಲ್ಲಿನ ಮೆಟ್ಟಿಲಿಗೆ ಕಚ್ಚಿಕೊಂಡಿತ್ತು. ಅದರ ಕೆಳಗೆ ಅವನ ಎರಡು ಕಾಲು ಮಾತ್ರ ಕಾಣುತ್ತಿದ್ದವು.

ಆ ಗಲ್ಲಿಯ ಅಗಲ ಆರು ಅಡಿ. ಒಳಗೆ ಐದು ಮನೆ, ಹೊರಗೆ ಹೋಗಲು ಒಂದೇ ಬಾಯಿ. ಬಾಯಲ್ಲಿದ್ದ ದೊಡ್ಡ ಮನೆ ಕೆಂಚವೀರಪ್ಪ ಸಾಹುಕಾರರದು. ಅವರಿಗೆ ಇಬ್ಬರು ಸೊಸೆಯಂದಿರು. ಇಬ್ಬರೂ ಒಳ್ಳೆಯವರೇ, ಆದರೆ ಉಪ್ಪಿನಕಾಯಿಯ ಭರಣಿಯೊಂದು ಒಡೆದ ದಿನದಿಂದ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ಮನೆಯ ಶಾಂತಿಗಾಗಿ ಸಾಹುಕಾರರು ಚಿಕ್ಕ ಸೊಸೆಗೆ ಮೇಲೊಂದು ಅಂತಸ್ತು ಕಟ್ಟಿಸಲು ಹೊರಟರು. ಅವಳು ಹತ್ತಿ ಇಳಿಯುವಾಗ ದೊಡ್ಡವಳ ಕಣ್ಣಿಗೆ ಬೀಳಬಾರದೆಂದು ಮೆಟ್ಟಿಲನ್ನು ಮನೆಯ ಹೊರಗೆ, ಗಲ್ಲಿಯಲ್ಲಿ ಇಟ್ಟರು. ಮೆಟ್ಟಿಲು ನಾಲ್ಕು ಅಡಿ ನುಂಗಿತು. ಐದು ಮನೆಯವರಿಗೆ ಎರಡು ಅಡಿ ಉಳಿಯಿತು.

ಬುಡನ್ ಸಾಬನನ್ನು ಕಾಲು ಹಿಡಿದು ಹಿಂದಕ್ಕೆ ಎಳೆದದ್ದು ಪಕ್ಕದ ಮನೆಯ ಹೊನ್ನಕ್ಕ. ಹೊನ್ನಕ್ಕ ಹೆರಿಗೆ ಆಸ್ಪತ್ರೆಯಲ್ಲಿ ಇಪ್ಪತ್ತೆಂಟು ವರ್ಷ ಆಯಾ ಆಗಿದ್ದವಳು. ಊರಿನ ಅರ್ಧ ಜನ ಅವಳ ಕೈಯಲ್ಲೇ ಹುಟ್ಟಿದ್ದರು. ಅದರಿಂದ ಅವಳಿಗೆ ಯಾರ ಬಗ್ಗೆಯೂ ವಿಶೇಷ ಭಯವಿರಲಿಲ್ಲ. ಎಂತೆಂಥವರನ್ನೋ ಬರಿಮೈಯಲ್ಲಿ ನೋಡಿದವಳು.

ಗಾದಿಯನ್ನು ಕೊನೆಗೆ ಹೊನ್ನಕ್ಕನ ಮಾಳಿಗೆ ಹತ್ತಿಸಿ, ಹಗ್ಗ ಕಟ್ಟಿ ಹಿಂದಿನ ಬೀದಿಗೆ ಇಳಿಬಿಟ್ಟರು. ಕೆಳಗೆ ಹೋಗುತ್ತಿದ್ದ ಎತ್ತೊಂದು ಅದನ್ನು ನೋಡಿ ಗಾಡಿ ಸಮೇತ ಓಡಿತು.

"ನಾನು ಹೋಗಿ ಸಾಹುಕಾರ್ರಿಗೆ ಹೇಳ್ತೀನಿ," ಎಂದಳು ಮಾಸೂಮಾ.

ಕೆಂಚವೀರಪ್ಪ ಜಗಲಿಯ ಮೇಲೆ ಕೂತು ಎಲೆ ಅಡಿಕೆ ಹಾಕುತ್ತಿದ್ದರು. ಕೆಟ್ಟ ಮನುಷ್ಯರಲ್ಲ. ಇಬ್ಬರು ಸೊಸೆಯಂದಿರ ನಡುವೆ ಬಹಳ ಸಣ್ಣಗಾಗಿದ್ದರು, ಅಷ್ಟೆ.

"ಎರಡು ಅಡಿ ಬಿಟ್ಟೀನಲ್ಲವ್ವ, ಅಡ್ಡ ತಿರುಗಿ ನಡೀರಿ," ಎಂದರು. "ಮುನ್ಸಿಪಾಲ್ಟಿಯೋರೇ ಸುಮ್ನದಾರೆ. ಮಧ್ಯೆ ನಿಮ್ದೇನು?"

ಮಾಸೂಮಾಗೆ ಕಡುಕೋಪ ಬಂತು. ಅದರಿಂದ ನಗತೊಡಗಿದಳು. ಸಾಹುಕಾರರು ತಮ್ಮ ಮಾತು ಅವಳಿಗೆ ಒಪ್ಪಿಗೆಯಾಯಿತೆಂದು ತಿಳಿದು ಎಲೆ ಅಡಿಕೆ ತಟ್ಟೆಯನ್ನು ಮುಂದಕ್ಕೆ ಸರಿಸಿದರು.

ಪುರಸಭೆಗೆ ಅರ್ಜಿ ಬರೆದದ್ದು ಹೊನ್ನಕ್ಕ. ಮಂಜೂರಾದ ನಕಾಶೆಗೆ ವಿರುದ್ಧವಾಗಿ ಸಾರ್ವಜನಿಕ ದಾರಿಯಲ್ಲಿ ಮೆಟ್ಟಿಲು ಕಟ್ಟುತ್ತಿದ್ದಾರೆ, ತಕ್ಷಣ ನಿಲ್ಲಿಸಬೇಕು ಎಂದು ಬರೆದು, ಐದು ಮನೆಯವರ ಸಹಿ ಮತ್ತು ಹೆಬ್ಬೆಟ್ಟು ಹಾಕಿಸಿದಳು. ಅವಳೂ ಮಾಸೂಮಾಳೂ ಒಯ್ದು ಕೊಟ್ಟರು. ಗುಮಾಸ್ತ ತೆಗೆದುಕೊಂಡು ಒಳಗಿಟ್ಟ.

"ಇದರ ನಕಲಿನ ಮ್ಯಾಲೆ ಸಿಕ್ಕಾ ಹಾಕಿ ಕೊಡಪ್ಪ," ಎಂದಳು ಹೊನ್ನಕ್ಕ.

"ಯಾಕ ಬೇಕದು?"

"ಆಸ್ಪತ್ರಿಯಾಗೆ ಮಗು ಕೊಟ್ರೂ ರಿಜಿಸ್ಟರಿಗೆ ಸಹಿ ತಗಂತಿದ್ವಿ. ಇದು ಅರ್ಜಿ."

ಗುಮಾಸ್ತ ಕಚೇರಿಯ ಮೊಹರಿನ ಸಿಕ್ಕಾ ಒತ್ತಿದ. ಹದಿನೈದು ದಿನ ಕಾದರು. ಮೆಟ್ಟಿಲು ಎರಡು ಏರಿತು. ಎರಡನೇ ಅರ್ಜಿ, ಎರಡನೇ ಸಿಕ್ಕಾ. ಮೂರನೆಯದಕ್ಕೆ ಗುಮಾಸ್ತ ಓವರ್ಸಿಯರ್ ಹತ್ತಿರ ಕಳಿಸಿದ. ಓವರ್ಸಿಯರ್ ಗುತ್ತೆಪ್ಪ ಇಪ್ಪತ್ತನಾಲ್ಕರ ಹುಡುಗ. ಸಣಕಲು ಮೈ, ಕಿವಿಗೆ ಪೆನ್ಸಿಲು. ಕೆಲಸಕ್ಕೆ ಸೇರಿ ವರ್ಷ ತುಂಬಿರಲಿಲ್ಲ.

"ಪರಿಶೀಲನೆ ಮಾಡ್ತಾ ಇದೀವಿ. ಮುಂದಿನ ತಿಂಗ್ಳು ಬರ್ರಿ," ಎಂದ, ಮುಖ ಎತ್ತದೆ.

"ಹೋದ ತಿಂಗ್ಳೂ ನಿಮ್ಮ ಗುಮಾಸ್ತ ಮುಂದಿನ ತಿಂಗ್ಳು ಅಂದಿದ್ನಲ್ಲ?"

"ಅದು ಹೋದ ತಿಂಗಳಿನ ಮುಂದಿನ ತಿಂಗಳು."

ಹೊನ್ನಕ್ಕ ಮೇಜಿನ ಮೇಲೆ ಬಾಗಿ ಅವನ ಮುಖವನ್ನೇ ನೋಡಿದಳು. "ನೀನು ಕೆಳಗಿನ ಓಣಿ ಸಿದ್ಧಮ್ಮನ ಮಗ ಅಲ್ಲೇನು? ಹುಟ್ಟಿದ ಮ್ಯಾಲೆ ಎಷ್ಟೊತ್ತಾದ್ರೂ ಅಳ್ಲಿಲ್ಲ ನೀನು. ತಲೆಕೆಳಗ ಹಿಡ್ಕಂಡು ಎರಡು ಬಿಟ್ಟ ಮ್ಯಾಲೇ ಅತ್ತಿದ್ದು. ಆವಾಗ್ಲೇ ಅಂದ್ಕಂಡೆ, ಇವನು ಎಲ್ಲಾದ್ಕೂ ತಡ ಮಾಡ್ತಾನೆ ಅಂತ."

ಇಡೀ ಕಚೇರಿ ಬರೆಯುವುದನ್ನು ನಿಲ್ಲಿಸಿತು. ಗುತ್ತೆಪ್ಪನ ಕಿವಿ ಕೆಂಪಾಯಿತು. ಮಾಸೂಮಾ ಸೆರಗು ಬಾಯಿಗೆ ತುರುಕಿಕೊಂಡು ಹೊರಗೆ ಓಡಿದಳು. ನಾಲ್ಕನೆಯ, ಐದನೆಯ ಅರ್ಜಿಗೂ ಸಿಕ್ಕಾ ಬಿತ್ತು. ಉತ್ತರ ಬರಲಿಲ್ಲ. ಮೆಟ್ಟಿಲು ಹನ್ನೊಂದಾಯಿತು.

ಅಷ್ಟರಲ್ಲಿ ಬುಡನ್ ಸಾಬನ ಗಿರಾಕಿಗಳು ಬೇರೆ ಕಡೆ ಹೋಗತೊಡಗಿದ್ದರು. ಹತ್ತಿ ತುಂಬಿದ ದೊಡ್ಡ ಅಂಡಿಗೆಗಳು ಒಳಗೆ ಬರಲು ದಾರಿಯಿರಲಿಲ್ಲ. ಗಂಡ ಹತ್ತಿ ಹಿಂಜುವ ಬಿಲ್ಲನ್ನು ಗೋಡೆಗೆ ಒರಗಿಸಿ ಸುಮ್ಮನೆ ಕೂತದ್ದನ್ನು ಮಾಸೂಮಾ ಮೂರು ದಿನ ನೋಡಿದಳು. ನಾಲ್ಕನೇ ದಿನ ಹೊನ್ನಕ್ಕನ ಮನೆಗೆ ಹೋಗಿ, "ಅಕ್ಕಾ, ಇದಕ್ಕೆ ಕೋರ್ಟು ಅಂತ ಒಂದು ಐತಲ್ಲ. ಅದು ನಮ್ಮಂಥೋರಿಗೂ ಐತಾ?" ಎಂದು ಕೇಳಿದಳು. ಆಗ ಅವಳು ನಗುತ್ತಿರಲಿಲ್ಲ.

"ಹೋಗಿ ಕೇಳಾಣ ಬಾ," ಎಂದಳು ಹೊನ್ನಕ್ಕ.

ದಾವಣಗೆರೆ ಬಸ್ಸಿನಲ್ಲಿ ಇಬ್ಬರೂ ಕಿಟಕಿಯ ಪಕ್ಕ ಕೂತರು. ಮಂಡಿಪೇಟೆಯಲ್ಲಿ ಕಾಳಿನ ಅಂಗಡಿಯೊಂದರ ಮೇಲಿನ ಕೋಣೆಯಲ್ಲಿ ಪಂಚಾಕ್ಷರಪ್ಪ ಎಂಬ ವಕೀಲರಿದ್ದರು. ಬೋರ್ಡಿನ ಬಣ್ಣದ ವಾಸನೆ ಇನ್ನೂ ಬರುತ್ತಿತ್ತು. ಹಿರಿಯ ವಕೀಲರೊಬ್ಬರ ಕೈಕೆಳಗೆ ನಾಲ್ಕು ವರ್ಷವಿದ್ದು, ಸ್ವಂತ ಕಚೇರಿ ತೆರೆದು ಹನ್ನೆರಡು ದಿನವಾಗಿತ್ತು. ಯಾರೂ ಬಂದಿರಲಿಲ್ಲ. ಮೆಟ್ಟಿಲ ಮೇಲೆ ಎರಡು ಜೊತೆ ಹೆಜ್ಜೆಯ ಸದ್ದು ಕೇಳಿ ಅವರು ಗಾಬರಿಯಿಂದ ಕರಿಕೋಟು ಹಾಕಿಕೊಂಡರು. ಗುಂಡಿ ತಪ್ಪು ಕಾಜಕ್ಕೆ ಹೋಗಿತ್ತು.

"ಬರ್ರಿ, ಬರ್ರಿ ಅಮ್ಮಾರೆ, ಕೂಡ್ರಿ." ಕತೆ ಪೂರ್ತಿ ಕೇಳಿದರು. ಸಿಕ್ಕಾ ಬಿದ್ದ ಐದು ನಕಲುಗಳನ್ನು ಹೊನ್ನಕ್ಕ ಮೇಜಿನ ಮೇಲೆ ಸಾಲಾಗಿ ಇಟ್ಟಾಗ ಅವರ ಕಣ್ಣು ಅರಳಿತು. "ಇವನ್ನ ಇಟ್ಕಂಡೀರಾ! ಎಷ್ಟೋ ಜನ ಬಾಯಿಮಾತ್ನಾಗೆ ಹೇಳಿ ಬಂದಿರ್ತಾರೆ. ಆಮೇಲೆ ಆಫೀಸಿನೋರು ದೂರೇ ಬಂದಿಲ್ಲ ಅಂತಾರೆ. ಈಗ ಹೇಳ್ರಿ, ನಿಮ್ಮ ದೂರು ಸಾಹುಕಾರ್ರ ಮ್ಯಾಲೋ, ಮುನ್ಸಿಪಾಲ್ಟಿ ಮ್ಯಾಲೋ?"

"ಇಬ್ರ ಮ್ಯಾಲೂ," ಎಂದರು ಇಬ್ಬರೂ ಒಟ್ಟಿಗೆ.

"ಹಂಗಾದ್ರೆ ಔಷಧಾನೂ ಎರಡು. ಸಾಹುಕಾರ್ರ ಮ್ಯಾಲೆ ಇಲ್ಲೇ ಮುನ್ಸಿಫ್ ಕೋರ್ಟಿನಾಗೆ ದಾವಾ ಹಾಕಾಣ. ಮೊದ್ಲು ಕೆಲಸ ನಿಲ್ಸೋಕೆ ತಾತ್ಕಾಲಿಕ ತಡೆಯಾಜ್ಞೆ, ಆಮೇಲೆ ಕಟ್ಟಿದ್ದನ್ನ ತೆಗಿಸೋಕೆ ಆಜ್ಞೆ. ತಡ ಮಾಡಬಾರ್ದು. ಪೂರಾ ಕಟ್ಟೋವರೆಗೂ ನೋಡ್ಕಂಡು ಕೂತಿದ್ದು ಈಗ ಬಂದೀರಾ ಅಂತ ಕೇಳ್ತಾರೆ. ಮುನ್ಸಿಪಾಲ್ಟಿಗೆ ಮೊದ್ಲು ಲಾಯರ್ ನೋಟೀಸು. ಕಾನೂನು ಹೇಳಿದಷ್ಟು ದಿನ ಕಾದು, ಅವರನ್ನೂ ಎರಡನೇ ಪ್ರತಿವಾದಿ ಮಾಡಾಣ. ಅದಕ್ಕೂ ಏಳ್ಲಿಲ್ಲ ಅಂದ್ರೆ ಬೆಂಗಳೂರಿನಾಗೆ ಹೈಕೋರ್ಟು ಐತೆ. ಸಂವಿಧಾನದ ಇನ್ನೂರಾ ಇಪ್ಪತ್ತಾರನೇ ವಿಧಿ. ಮಾಡಬೇಕಾದ ಕೆಲಸ ಮಾಡದೆ ಕೂತ ಅಧಿಕಾರಿಗೆ 'ಮಾಡು' ಅಂತ ಹೇಳೋ ರಿಟ್ ಕೊಡ್ತಾರೆ. ಅದಕ್ಕೆ ಮ್ಯಾಂಡಮಸ್ ಅಂತಾರೆ."

ಹೊನ್ನಕ್ಕ ಹುಬ್ಬು ಗಂಟಿಕ್ಕಿದಳು. "ಏನಂದ್ರಿ? ಮುಂದ್‌ಮಾಸ?"

"ಮ್ಯಾಂಡಮಸ್."

"ಅದೇ ಮತ್ತೆ, ಮುಂದಿನ ಮಾಸ. ಅದನ್ನ ಹೇಳಿಸ್ಕೊಳ್ಳಾಕೆ ಬೆಂಗಳೂರಿಗೆ ಯಾಕ ಹೋಗ್ಬೇಕ್ರಿ? ನಮ್ಮ ಗುತ್ತೆಪ್ಪ ಆರು ತಿಂಗ್ಳಿಂದ ಅದನ್ನೇ ಹೇಳ್ತಾ ಅದಾನೆ!"

ಮಾಸೂಮಾ ಬೆಂಚಿನಿಂದ ಜಾರಿ ನೆಲದ ಮೇಲೆ ಕೂತಳು. ವಕೀಲರು ಗಂಭೀರವಾಗಿರಲು ಬಹಳ ಪ್ರಯತ್ನಪಟ್ಟು, ಒಂದು ದಪ್ಪ ಕಾನೂನು ಪುಸ್ತಕ ತೆರೆದು ಅದರ ಹಿಂದೆ ಮುಖ ಮುಚ್ಚಿಕೊಂಡರು. ಪುಸ್ತಕ ಗಡಗಡ ಅಲುಗತೊಡಗಿತು. ಕೆಳಗಿನ ಅಂಗಡಿಯವನು ಮೇಲೆ ಬಂದು ಏನಾಯಿತೆಂದು ನೋಡಿಕೊಂಡು ಹೋದ.

ನಗು ಇಳಿದ ಮೇಲೆ ಪಂಚಾಕ್ಷರಪ್ಪ ಕಣ್ಣೊರೆಸಿಕೊಂಡು, "ಒಂದು ಮುಖ್ಯವಾದ ಮಾತೈತೆ," ಎಂದರು. "ಅದು ಊರಿನ ದಾರಿ. ಊರಿನ ದಾರಿ ಮುಚ್ಚಿದ್ರೆ ಬರೀ 'ನಮಗೂ ತೊಂದ್ರೆ ಆತು' ಅಂದ್ರೆ ಸಾಲ್ದು. ಎಲ್ರಿಗಿಂತ ಹೆಚ್ಚಿನ ತೊಂದ್ರೆ ನಿಮಗೆ ಆಗೈತೆ ಅಂತ ತೋರಿಸ್ಬೇಕು. ಅಂಥಾದ್ದೇನಾದ್ರೂ ಐತಾ?"

"ಗಾದಿ," ಎಂದಳು ಮಾಸೂಮಾ.

"ಆಂ?"

"ಬೇರೆಯೋರು ಅಡ್ಡ ತಿರುಗಿ ನಡೀಬಹುದ್ರಿ. ಗಾದಿ ಅಡ್ಡ ತಿರುಗಂಗಿಲ್ಲ."

ವಕೀಲರು ಪೆನ್ನು ತೆಗೆದು ಆ ಮಾತನ್ನು ಹಾಗೇ ಬರೆದುಕೊಂಡರು. ಬಸ್ ಸ್ಟ್ಯಾಂಡಿಗೆ ಹೋಗುವ ದಾರಿಯಲ್ಲಿ ಮಾಸೂಮಾಗೆ ತಾನು ನೆಲದ ಮೇಲೆ ನಡೆಯುತ್ತಿಲ್ಲ ಎನಿಸಿತು. ಅಂಥದೊಂದು ಕಾನೂನು ತನ್ನ ಗಾದಿಗಾಗಿ ಎಲ್ಲೋ ಪುಸ್ತಕದಲ್ಲಿ ಇಷ್ಟು ವರ್ಷದಿಂದ ಕಾಯುತ್ತಾ ಇತ್ತಲ್ಲ! ಇಬ್ಬರೂ ಮಂಡಕ್ಕಿ ಮೆಣಸಿನಕಾಯಿ ತಿಂದರು. ಖಾರಕ್ಕೆ ಕಣ್ಣಲ್ಲಿ ನೀರು ಬಂತು, ಅದಕ್ಕೂ ನಕ್ಕರು.

ಪಂಚಾಕ್ಷರಪ್ಪ ಕೆಲಸದಲ್ಲಿ ಚುರುಕು. ಅರ್ಜಿ ಹಾಕಿ ಸಾಹುಕಾರರ ಮಂಜೂರಾದ ನಕಾಶೆಯ ಪ್ರಮಾಣಿತ ನಕಲು ತೆಗೆಸಿದರು. ಅದರಲ್ಲಿ ಮೆಟ್ಟಿಲು ಮನೆಯ ಒಳಗೆ, ಪಡಸಾಲೆಯ ಮೂಲೆಯಲ್ಲಿತ್ತು. ಗಲ್ಲಿಯಲ್ಲಿ ಒಂದು ಗೆರೆಯೂ ಇರಲಿಲ್ಲ. ಆ ನಕಲು ಮತ್ತು ಐದು ಸಿಕ್ಕಾ ನೋಡಿ ಮುನ್ಸಿಫರು ಒಂದು ಶುಕ್ರವಾರ ತಾತ್ಕಾಲಿಕ ತಡೆಯಾಜ್ಞೆ ಕೊಟ್ಟರು. ಶನಿವಾರ ಕೋರ್ಟಿನ ಅಮೀನ ಬಂದು ಸಾಹುಕಾರರಿಗೆ ಪ್ರತಿ ಕೊಟ್ಟು ಸಹಿ ಹಾಕಿಸಿಕೊಂಡು ಹೋದ.

ಭಾನುವಾರ ಬೆಳಿಗ್ಗೆ ಮೆಟ್ಟಿಲ ಮೇಲೆ ಮತ್ತೆ ಕಲ್ಲು ಕುಟ್ಟುವ ಸದ್ದು ಕೇಳಿತು. "ಕೋರ್ಟಿಗೆ ಭಾನುವಾರ ರಜ," ಎಂದು ಯಾರೋ ಸಾಹುಕಾರರ ಕಿವಿಯಲ್ಲಿ ಊದಿದ್ದರು. ಮೇಸ್ತ್ರಿ ಮಾರಪ್ಪ ಕರಣೆ ಹಿಡಿದು ಹನ್ನೆರಡನೇ ಮೆಟ್ಟಿಲಿಗೆ ಗಾರೆ ಹಾಕುತ್ತಿದ್ದ. ಹೊನ್ನಕ್ಕ ಆಜ್ಞೆಯ ಪ್ರತಿ ತಂದಳು. ವಕೀಲರು ಅದರ ಹಿಂದೆ ಕನ್ನಡದಲ್ಲಿ ಸಾರಾಂಶ ಬರೆದುಕೊಟ್ಟಿದ್ದರು. ಮೆಟ್ಟಿಲ ಬುಡದಲ್ಲಿ ನಿಂತು ಜೋರಾಗಿ ಓದಿದಳು: "ಒಂದನೇ ಪ್ರತಿವಾದಿಯವರಾಗಲಿ, ಅವರ ಆಳುಕಾಳುಗಳಾಗಲಿ, ಮುಂದಿನ ಆದೇಶದವರೆಗೆ ಸದರಿ ಜಾಗದಲ್ಲಿ ಯಾವುದೇ ಕಟ್ಟಡದ ಕೆಲಸ ಮಾಡತಕ್ಕದ್ದಲ್ಲ. ಮೀರಿದಲ್ಲಿ ಸಿವಿಲ್ ಜೈಲು."

ಮಾರಪ್ಪನ ಕರಣೆ ಗಾಳಿಯಲ್ಲಿ ನಿಂತಿತು. "ಅದ್ರಾಗೆ ನನ್ ಹೆಸ್ರು ಐತಾ?"

"ಆಳುಕಾಳು ಅಂತ ಐತೆ. ಆಳು ಅಂದ್ರೆ ನೀನೇ."

"ಕಾಳು ಯಾರು?"

"ಅದನ್ನ ಮುನ್ಸಿಫ್ರನ್ನೇ ಕೇಳ್ಬೇಕು. ನಾಳೆ ಹೆಂಗೂ ಹೋಗ್ತೀಯಲ್ಲ."

ಮಾರಪ್ಪ ಕರಣೆ, ಗಾರೆ ಬಾಣಲೆ, ನೂಲುಗುಂಡು ಎಲ್ಲ ಎತ್ತಿಕೊಂಡು ಇಳಿದ. ಸಾಹುಕಾರರು ಜಗಲಿಯಿಂದ, "ಎಲ್ಲಿಗೋ? ಇವತ್ತು ಭಾನುವಾರ ಅಲ್ಲೇನೋ?" ಎಂದು ಕೂಗಿದರು.

"ಜೈಲು ಭಾನುವಾರಾನೂ ತೆಗೆದಿರ್ತೈತ್ರಿ ಸಾಹುಕಾರ್ರೆ!" ಎಂದು ಮಾರಪ್ಪ ತಿರುಗಿಯೂ ನೋಡದೆ ಹೊರಟುಹೋದ.

ನೋಟೀಸಿನ ಅವಧಿ ಮುಗಿದ ಮೇಲೆ ಪುರಸಭೆಯೂ ದಾವೆಯೊಳಗೆ ಬಂತು. ಅವರ ಜವಾಬು ಎರಡು ಪುಟ. ಇಂಥ ದೂರೇ ನಮಗೆ ಬಂದಿಲ್ಲ, ಬಂದಿದ್ದರೂ ಅದು ದ್ವೇಷದಿಂದ ಕೊಟ್ಟದ್ದು, ಮೆಟ್ಟಿಲು ಆದ ಮೇಲೂ ಗಲ್ಲಿಯಲ್ಲಿ ಜನ ಸರಾಗವಾಗಿ ಓಡಾಡಬಹುದು ಎಂದು ಅದರಲ್ಲಿತ್ತು. ಸರಾಗವೋ ಅಲ್ಲವೋ ಎಂದು ಕಣ್ಣಾರೆ ನೋಡಿ ವರದಿ ಕೊಡಲು ಮುನ್ಸಿಫರು ಉಚ್ಚಂಗೆಪ್ಪ ಎಂಬ ಹಿರಿಯ ವಕೀಲರನ್ನು ಕೋರ್ಟಿನ ಕಮಿಷನರಾಗಿ ನೇಮಿಸಿದರು.

ಉಚ್ಚಂಗೆಪ್ಪನವರು ಬಹಳ ಗೌರವಸ್ಥರು, ಬಹಳ ನಿಷ್ಪಕ್ಷಪಾತಿಗಳು, ಮತ್ತು ಬಹಳ ದಪ್ಪ. ಜರಿಪೇಟ, ಕರಿಕೋಟು, ಕೈಯಲ್ಲಿ ಟೇಪು. ಸ್ಥಳ ಪರೀಕ್ಷೆಗೆ ಅವರು ಹರಿಹರಕ್ಕೆ ಬಂದ ದಿನ ಓಣಿಯ ಜನವೆಲ್ಲ ಸೇರಿತ್ತು. ಗಲ್ಲಿಯ ಹೊರಗೆ ಪಂಚಾಕ್ಷರಪ್ಪ ನಿಂತಿದ್ದರು. ಸಾಹುಕಾರರು ಮೆಟ್ಟಿಲ ಮೇಲೇ ನಿಂತಿದ್ದರು, ಅದು ತಮ್ಮದೆಂದು ತೋರಿಸಲು. ಮೇಲಿನ ಕಿಟಕಿಯಲ್ಲಿ, ಮುಗಿಯದ ಮೆಟ್ಟಿಲಿನಿಂದ ಏಣಿ ಹಾಕಿ ಹತ್ತಿದ್ದ ಚಿಕ್ಕ ಸೊಸೆ, ಕೆಳಗಿನ ಕಿಟಕಿಯಲ್ಲಿ ದೊಡ್ಡ ಸೊಸೆ.

"ಓಡಾಡೋಕೆ ತೊಂದ್ರೆ ಇಲ್ಲ ಸ್ವಾಮಿ, ನೋಡ್ರಿ," ಎಂದು ಗುತ್ತೆಪ್ಪ ಆ ಎರಡು ಅಡಿಯಲ್ಲಿ ಹಾವಿನಂತೆ ನುಸುಳಿ ಆಚೆ ಹೋಗಿ, ಮತ್ತೆ ಈಚೆ ಬಂದ. ನೂಲು ಪೋಣಿಸಿದಂತಿತ್ತು.

"ನಾನು ಖುದ್ದು ನೋಡ್ತೀನಿ," ಎಂದರು ಉಚ್ಚಂಗೆಪ್ಪ. ಟೇಪಿನ ತುದಿ ಹಿಡಿದುಕೊಂಡು ಒಳಗೆ ಕಾಲಿಟ್ಟರು. ಬೆನ್ನ ಹಿಂದೆ ಗುತ್ತೆಪ್ಪ ಟೇಪಿನ ಇನ್ನೊಂದು ತುದಿ ಹಿಡಿದು ನಡೆದ.

ಅದೇ ಹೊತ್ತಿಗೆ ಗಲ್ಲಿಯ ಒಳಗಿನಿಂದ ಬುಡನ್ ಸಾಬ್ ಮತ್ತು ಮಾಸೂಮಾ ಅಂಥದೇ ಜೋಡಿ ಗಾದಿಯೊಂದನ್ನು ಸುತ್ತಿ ಹುರಿ ಬಿಗಿದು ಹೊತ್ತುಕೊಂಡು ಹೊರಟಿದ್ದರು. ಗಾದಿ ಹೇಗೆ ಸಿಕ್ಕಿಕೊಳ್ಳುತ್ತದೆಂದು ಕಮಿಷನರಿಗೆ ತೋರಿಸಬೇಕೆಂದು ವಕೀಲರು ಹೇಳಿದ್ದರು. ಆದರೆ ಕಮಿಷನರು ಹೊರಗೆ ನಿಂತಿರುತ್ತಾರೆ ಎಂದೇ ಎಲ್ಲರೂ ತಿಳಿದಿದ್ದರು. ಗಾದಿ ಹೊತ್ತವರಿಗೆ ಮುಂದೇನಿದೆ ಕಾಣುವುದಿಲ್ಲ. ಉಚ್ಚಂಗೆಪ್ಪನವರಿಗೆ ಗಾದಿ ಬರುತ್ತಿರುವುದು ಕಂಡಿತು, ಆದರೆ ಅಷ್ಟರಲ್ಲಿ ಅವರು ಮೂರನೇ ಮೆಟ್ಟಿಲ ನೇರಕ್ಕೆ ಬಂದು ಸಿಕ್ಕಿಕೊಂಡಿದ್ದರು. ಹೊಟ್ಟೆ ಗೋಡೆಗೆ, ಬೆನ್ನು ಕಲ್ಲಿಗೆ.

"ನಿಲ್ಲಿ!" ಎಂದರು.

ಗಾದಿ ಅವರ ಭುಜಕ್ಕೆ ಬಂದು ಗುದ್ದಿತು. ಹುರಿ ಪಟ್ಟೆಂದು ಹರಿಯಿತು. ಹೊಸದಾಗಿ ಹಿಂಜಿದ ಹತ್ತಿಗೆ ಎಂಥ ಶಕ್ತಿ ಇರುತ್ತದೆಂದು ಗಾದಿ ಹೊಲಿಯುವವರಿಗೆ ಗೊತ್ತು. ಸುತ್ತಿದ್ದ ಗಾದಿ ಒಮ್ಮೆಗೇ ಬಿಚ್ಚಿಕೊಂಡು ಗಲ್ಲಿಯ ತುಂಬ ಉಬ್ಬಿ ನಿಂತಿತು. ಗುತ್ತೆಪ್ಪ ಹಿಂದಕ್ಕೆ ಓಡಲು ಹೋಗಿ ಟೇಪಿಗೆ ಕಾಲು ತೊಡರಿ ಕಮಿಷನರ ಕೋಟಿನ ಹಿಂಬದಿಗೆ ಜೋತುಬಿದ್ದ. ಗಾದಿಯ ಆಚೆಯಿಂದ ಮಾಸೂಮಾಳ ನಗು, ಈಚೆಯಿಂದ ಗುತ್ತೆಪ್ಪನ "ಯವ್ವಾ" ಎಂಬ ಕೂಗು ಕೇಳುತ್ತಿತ್ತು, ನಡುವೆ ಜರಿಪೇಟವೊಂದು ಕಾಣುತ್ತಿತ್ತು.

"ಎಳೀರಿ!" ಎಂದರು ಪಂಚಾಕ್ಷರಪ್ಪ.

"ಬ್ಯಾಡ್ರಿ, ಎಳೀಬ್ಯಾಡ್ರಿ! ಕಲ್ಲು ಕಿತ್ತು ಬರ್ತೈತೆ!" ಎಂದರು ಸಾಹುಕಾರರು.

"ಎಲ್ರೂ ಸುಮ್ನಿರ್ರಿ," ಎಂಬ ದನಿ ಕೇಳಿತು. ಹೊನ್ನಕ್ಕ ಸೀರೆ ಎತ್ತಿ ಕಟ್ಟಿ, ತೋಳು ಮೇಲಕ್ಕೇರಿಸಿಕೊಂಡು ಬಂದಳು. ಗುತ್ತೆಪ್ಪನನ್ನು ರಟ್ಟೆ ಹಿಡಿದು ಬಿಡಿಸಿ ಪಕ್ಕಕ್ಕೆ ನಿಲ್ಲಿಸಿದಳು. ಕಮಿಷನರ ಸೊಂಟ ಎಲ್ಲಿ ಸಿಕ್ಕಿದೆಯೆಂದು ಕೈಯಾಡಿಸಿ ನೋಡಿದಳು. ಇಪ್ಪತ್ತೆಂಟು ವರ್ಷದ ಅಭ್ಯಾಸ, ಮಾತು ತಾನಾಗಿ ಬಂತು.

"ಹೆದರ್ಬ್ಯಾಡ್ರಿ, ನಾನಿದೀನಿ. ಉಸ್ರು ಮೆಲ್ಲಕ ಬಿಡ್ರಿ. ಹಾಂ, ಹಂಗೇ. ಈಗ ತಡೀರಿ, ತಡೀರಿ... ಮಾಸೂಮಾ, ಆ ಕಡಿಂದ ನೂಕು! ಈಗ ಒಂದೇ ಸಲ ಜೋರಾಗಿ ಮುಕ್ಕರ್ಸ್ರಿ!"

ಉಚ್ಚಂಗೆಪ್ಪನವರು ಬೇರೆ ದಾರಿಯಿಲ್ಲದೆ ಕಣ್ಣು ಮುಚ್ಚಿ ಮುಕ್ಕರಿಸಿದರು. ಕೋಟಿನ ಗುಂಡಿಗಳು ಮೂರು ಹಾರಿದವು. ಆಮೇಲೆ ಮನುಷ್ಯ ಬಂದರು. ತಲೆ ಮೊದಲು, ಪೇಟ ವಾರೆಯಾಗಿ, ಮೀಸೆಯ ತುಂಬ ಬಿಳಿ ಹತ್ತಿ ಮೆತ್ತಿಕೊಂಡು, ಹೊನ್ನಕ್ಕನ ಎರಡು ಕೈಯೊಳಗೆ.

ಗಾದಿಯ ಆಚೆಯಿಂದ ಮಾಸೂಮಾ ಕೂಗಿ ಕೇಳಿದಳು: "ಅಕ್ಕಾ, ಏನ್ ಮಗು?"

ಮೊದಲು ನಕ್ಕದ್ದು ಯಾರೆಂದು ಆಮೇಲೆ ಓಣಿಯಲ್ಲಿ ಬಹಳ ವಾದವಾಯಿತು. ಮೇಲಿನ ಕಿಟಕಿಯ ಚಿಕ್ಕ ಸೊಸೆ ಎಂದು ಕೆಲವರು, ಕೆಳಗಿನ ದೊಡ್ಡ ಸೊಸೆ ಎಂದು ಕೆಲವರು. ಇಬ್ಬರೂ ನಗು ತಾಳಲಾರದೆ ಕಿಟಕಿಯಿಂದ ತಲೆ ಹೊರಗೆ ಹಾಕಿದಾಗ ಒಬ್ಬರ ಮುಖ ಒಬ್ಬರಿಗೆ ಕಂಡಿತು. ಒಂದು ವರ್ಷಕ್ಕೂ ಮೇಲಾಗಿ ಮೊದಲ ಸಲ. "ನೋಡಿದ್ಯಾ ಅಕ್ಕಾ?" ಎಂದಳು ಮೇಲಿನವಳು. "ಪೂರಾ ಕಾಣ್ಲಿಲ್ಲೇ, ನೀ ಕೆಳಗ ಬಾರೇ!" ಎಂದಳು ಕೆಳಗಿನವಳು. ನೆಲದ ಮೇಲೆ ಬಿದ್ದಿದ್ದ ಗುಂಡಿ ಹುಡುಕುತ್ತಿದ್ದ ಉಚ್ಚಂಗೆಪ್ಪನವರೂ ಕೊನೆಗೆ ಹೊಟ್ಟೆ ಹಿಡಿದುಕೊಂಡು ಜಗಲಿಯ ಮೇಲೆ ಕೂತರು. ನಗದೆ ನಿಂತವರು ಸಾಹುಕಾರರೊಬ್ಬರೇ.

ವರದಿ ಇಂಗ್ಲಿಷಿನಲ್ಲಿತ್ತು. ಕೋರ್ಟಿನಲ್ಲಿ ಅದನ್ನು ಓದುವಾಗ ಪಂಚಾಕ್ಷರಪ್ಪ ಮೆಲ್ಲಗೆ ಕನ್ನಡದಲ್ಲಿ ಹೇಳುತ್ತಿದ್ದರು. ಉಳಿದ ದಾರಿಯ ಅಗಲ ಇಪ್ಪತ್ತಮೂರೂವರೆ ಅಂಗುಲ. ಈ ಅಳತೆಯನ್ನು ಟೇಪಿನಿಂದಲೂ, ಸ್ವಂತ ಅನುಭವದಿಂದಲೂ ದೃಢಪಡಿಸಿಕೊಂಡಿದ್ದೇನೆ. ವಾದಿಯ ಕಸುಬಿನ ಸಾಮಾನು ಈ ದಾರಿಯಲ್ಲಿ ಹೋಗಲಾರದು. ಕಮಿಷನರೂ ಹೋಗಲಾರರು. ಮುನ್ಸಿಫರು ಕರವಸ್ತ್ರ ತೆಗೆದು ಬಹಳ ಹೊತ್ತು ಕೆಮ್ಮಿದರು.

ಆಮೇಲೆ ಗುತ್ತೆಪ್ಪ ಕಟಕಟೆ ಹತ್ತಿದ.

"ದೂರು ಬಂದೇ ಇಲ್ಲ ಅಂತ ಜವಾಬಿನಲ್ಲಿದೆ. ಈ ಐದು ಸಿಕ್ಕಾ ಯಾರದು?" ಎಂದು ಮುನ್ಸಿಫರು ಕೇಳಿದರು.

ಗುತ್ತೆಪ್ಪ ಸಿಕ್ಕಾ ನೋಡಿದ. ಹಿಂದೆ ಬೆಂಚಿನ ಮೇಲೆ ಕೂತಿದ್ದ ಹೊನ್ನಕ್ಕನನ್ನು ನೋಡಿದ. "ನಮ್ಮವೇ ಸ್ವಾಮಿ. ಪರಿಶೀಲನೆಯಲ್ಲಿದ್ದವು."

"ಎಲ್ಲಿ?"

"ನನ್ನ ಡ್ರಾಯರಿನಾಗೆ."

"ಯಾಕೆ?"

ಗುತ್ತೆಪ್ಪ ಕಿವಿಯ ಪೆನ್ಸಿಲು ತೆಗೆದು ಕೈಯಲ್ಲಿ ಹಿಡಿದ. "ಸಾಹುಕಾರ್ರು ನನಗೆ ಹೆಣ್ಣು ನೋಡ್ತಿದ್ರು ಸ್ವಾಮಿ. ಮೆಟ್ಟಿಲು ಒಡಿಸಿದ್ರೆ ಸಂಬಂಧ ತಪ್ಪಿ ಹೋಗ್ತೈತೆ ಅಂತ..."

ಮುನ್ಸಿಫರು ಕನ್ನಡಕ ತೆಗೆದರು. "ಗೊತ್ತಾಯಿತಾ ಹೆಣ್ಣು?"

"ಇಲ್ಲ ಸ್ವಾಮಿ. ಅವರೂ ಪರಿಶೀಲನೆ ಮಾಡ್ತಾ ಇದೀವಿ ಅಂತಾನೇ ಹೇಳ್ತಿದಾರೆ."

ಮಾಸೂಮಾ ಅಷ್ಟು ಹೊತ್ತು ಸೆರಗು ಕಚ್ಚಿಕೊಂಡು ಕೂತಿದ್ದಳು. ಈಗ ಆಗಲಿಲ್ಲ. ಕೋರ್ಟಿನ ದಫೇದಾರ "ಸದ್ದು!" ಎಂದ. ಅವಳು ಎದ್ದು, "ಮಾಫ್ ಮಾಡ್ರಿ ಸಾಹೇಬ್ರೆ, ನನಗೆ ಭಯ ಆದ್ರೆ ಹಿಂಗಾಗ್ತೈತೆ," ಎಂದಳು. ಮುನ್ಸಿಫರ ಕರವಸ್ತ್ರ ಮತ್ತೆ ಮುಖದ ಮೇಲಿತ್ತು. ಹತ್ತು ನಿಮಿಷ ಕಲಾಪ ಮುಂದೂಡಿದರು.

ದಾವೆ ಹೂಡಿ ಹದಿನಾಲ್ಕು ತಿಂಗಳಿಗೆ ತೀರ್ಪು ಬಂತು. ಸಾಹುಕಾರರು ಒಂದು ತಿಂಗಳೊಳಗೆ ಮೆಟ್ಟಿಲು ತೆಗೆಯಬೇಕು. ತೆಗೆಯದಿದ್ದರೆ ಪುರಸಭೆ ತೆಗೆಯಬೇಕು. ಅದೂ ಸುಮ್ಮನೆ ಕೂತರೆ ಕೋರ್ಟಿನ ಅಮೀನ ಬಂದು ತೆಗೆಸುತ್ತಾನೆ. ಸಾಹುಕಾರರ ವಕೀಲರು ಮೇಲ್ಮನವಿ ಹಾಕೋಣ ಎಂದರು. ಆದರೆ ಅಷ್ಟರಲ್ಲಿ ಊರವರು ಆ ಮೆಟ್ಟಿಲಿಗೆ ಹೆರಿಗೆ ಮೆಟ್ಟಿಲು ಎಂದು ಹೆಸರಿಟ್ಟಾಗಿತ್ತು. ಪೇಟೆಯಲ್ಲಿ ಯಾರಾದರೂ ಕೆಂಚವೀರಪ್ಪನವರ ಮನೆ ಎಲ್ಲಿ ಎಂದು ಕೇಳಿದರೆ ಹಾಗೆಂದೇ ಗುರುತು ಹೇಳುತ್ತಿದ್ದರು. ಸಾಹುಕಾರರು ಮೇಲ್ಮನವಿ ಬೇಡವೆಂದರು.

ಒಡೆಯುವ ದಿನ ಮಾರಪ್ಪನೇ ಬಂದ. ಕಟ್ಟುವಾಗ ಇದ್ದದ್ದಕ್ಕಿಂತ ಹೆಚ್ಚು ಹುರುಪಿನಲ್ಲಿದ್ದ. ಒಂದೊಂದು ಕಲ್ಲು ಬಿದ್ದ ಹಾಗೆಲ್ಲ ಗಲ್ಲಿಯೊಳಗೆ ಬೆಳಕು ಬರುತ್ತಿತ್ತು. ಮಾಸೂಮಾ ಬಾಗಿಲಲ್ಲಿ ನಿಂತು ನೋಡಿದಳು. ತಾನು ಕುಣಿಯುತ್ತೇನೆಂದು ತಿಳಿದಿದ್ದಳು, ಆದರೆ ಸಾಹುಕಾರರು ಮೂಲೆಯಲ್ಲಿ ಒಬ್ಬರೇ ನಿಂತು ಟವೆಲಿನಿಂದ ಧೂಳು ಒರೆಸಿಕೊಳ್ಳುತ್ತಿದ್ದುದನ್ನು ಕಂಡು ಮನಸ್ಸು ಹೇಗೋ ಆಯಿತು. ಒಳಗೆ ಹೋಗಿ ಚಹಾ ಮಾಡಿ ತಂದು ಕೊಟ್ಟಳು. ಅವರು ಟವೆಲನ್ನು ಹೆಗಲಿಗೆ ಹಾಕಿಕೊಂಡು ಲೋಟ ತೆಗೆದುಕೊಂಡರು.

"ಈಗ ಸೊಸೆಯಂದ್ರು ಇಬ್ರೂ ಒಂದೇ ಒಲಿ ಮುಂದ ಕೂತು ನಗ್ತಾರವ್ವ," ಎಂದರು ಮನೆಯ ಕಡೆ ಕೈ ತೋರಿಸಿ. "ಏನಂತ ಕೇಳಿದ್ರೆ ನನ್ನ ನೋಡಿ ಇನ್ನೂ ಜೋರಾಗಿ ನಗ್ತಾರೆ. ಮೇಲಿನ ಮನೆ ಮಾತ್ರ ಹಂಗೇ ಉಳೀತು. ಹತ್ತಾಕೆ ದಾರಿ ಇಲ್ಲ."

"ಒಳಗೆ ಮೆಟ್ಲು ಕಟ್ಸ್ರಿ. ನಕಾಶೆಯಾಗ ಐತಲ್ಲ."

"ಪಡಸಾಲೆಯಾಗ ಬ್ಯಾಡ ಅಂತಾರೆ ಇಬ್ರೂ. ಹಿತ್ತಲ ಕಡೆ ಇಡ್ಬೇಕಂತೆ. ಅದಕ್ಕೆ ಹೊಸಾ ಪರವಾನಗಿ ಬೇಕು. ಈ ಸಲ ಕಾಯ್ದೆ ಪ್ರಕಾರಾನೇ ಅರ್ಜಿ ಕೊಡ್ತೀನಿ."

ಅರ್ಜಿ ಕೊಟ್ಟರು. ಒಂದು ತಿಂಗಳು ಹೋಯಿತು, ಎರಡು ಹೋಯಿತು. ಗುತ್ತೆಪ್ಪನಿಗೆ ಈಗ ಎಂಥ ಭಯ ಹತ್ತಿತ್ತೆಂದರೆ, ಸಾಹುಕಾರರ ಹಿತ್ತಲನ್ನು ನಾಲ್ಕು ಸಲ ಅಳೆದು ನಾಲ್ಕು ಬೇರೆ ಬೇರೆ ಅಳತೆ ಬರೆದುಕೊಂಡು ಹೋಗಿದ್ದ. ಪರವಾನಗಿಗೆ ಸಹಿ ಹಾಕಲು ಅವನ ಕೈ ಏಳುತ್ತಿರಲಿಲ್ಲ. ಮೇಲಿನವರೂ ಆ ಮನೆಯ ಕಡತ ಎಂದರೆ ಮುಟ್ಟುತ್ತಿರಲಿಲ್ಲ.

ಒಂದು ಮಧ್ಯಾಹ್ನ ಸಾಹುಕಾರರು ಗಲ್ಲಿಯೊಳಗೆ ನಡೆದು ಬಂದರು. ಹೊನ್ನಕ್ಕ ಮತ್ತು ಮಾಸೂಮಾ ಜಗಲಿಯ ಮೇಲೆ ಕೂತು ದಿಂಬಿನ ಬಾಯಿ ಹೊಲಿಯುತ್ತಿದ್ದರು. ಒಳಗೆ ಬುಡನ್ ಸಾಬನ ಬಿಲ್ಲು ಟಂಯ್ ಟಂಯ್ ಎನ್ನುತ್ತಿತ್ತು.

"ಹೊನ್ನಕ್ಕ," ಎಂದರು ಸಾಹುಕಾರರು, ಗಂಟಲು ಸರಿಮಾಡಿಕೊಂಡು. "ನನ್ನ ಅರ್ಜಿಗೆ ಯಾರೂ ಉತ್ರ ಕೊಡ್ತಿಲ್ಲ."

ಹೊನ್ನಕ್ಕ ಸೂಜಿಯನ್ನು ದಿಂಬಿಗೆ ಚುಚ್ಚಿಟ್ಟಳು. ಮಾಸೂಮಾ ಮುಖ ಆಚೆ ತಿರುಗಿಸಿಕೊಂಡು ಹೇಗೋ ತಡೆದುಕೊಂಡಳು.

ಮರುದಿನ ಮೂವರೂ ದಾವಣಗೆರೆ ಬಸ್ಸು ಹತ್ತಿದರು. ಮಂಡಿಪೇಟೆಯ ಆ ಕೋಣೆಯಲ್ಲಿ ಈಗ ಬೆಂಚು ಎರಡಾಗಿದ್ದವು, ಎರಡರಲ್ಲೂ ಜನ ಕೂತಿದ್ದರು. ಪಂಚಾಕ್ಷರಪ್ಪ ತಲೆ ಎತ್ತಿ ವಾದಿ, ಅವಳ ಸಾಕ್ಷಿ, ಒಂದನೇ ಪ್ರತಿವಾದಿ ಮೂವರೂ ಒಟ್ಟಿಗೆ ಬಾಗಿಲಲ್ಲಿ ನಿಂತಿದ್ದನ್ನು ನೋಡಿ ಪೆನ್ನು ಕೆಳಗಿಟ್ಟರು.

"ಕೂಡ್ರಿ," ಎಂದರು. "ಈ ಸಲ ಯಾರ ಮ್ಯಾಲೆ ಯಾರ್ರಿ?"